ಜಿ. ವಿ. ಅಯ್ಯರ್: ಕಂಪನಿ ನಾಟಕದಿಂದ ಸಂಸ್ಕೃತ ಚಿತ್ರದವರೆಗೆ

1954ರಲ್ಲಿ ‘ಬೇಡರ ಕಣ್ಣಪ್ಪ’ ತೆರೆಕಂಡಾಗ ಕನ್ನಡ ಸಿನಿಮಾ ಮದ್ರಾಸಿನ ಸ್ಟುಡಿಯೊಗಳನ್ನೇ ನೆಚ್ಚಿಕೊಂಡಿತ್ತು. ರಾಜ್‌ಕುಮಾರ್ ನಾಯಕರಾದ ಈ ಮೊದಲ ಚಿತ್ರಕ್ಕೆ ಬರೆದು, ಅದರಲ್ಲಿ ನಟಿಸಿದವರು ನಂಜನಗೂಡು ಕಡೆಯ ಜಿ. ವಿ. ಅಯ್ಯರ್ (1917–2003).

ಗುಬ್ಬಿ ಕಂಪನಿಯಲ್ಲಿ ಪಳಗಿದ ಕಿವಿ ಅವರದು. ಕೊನೆಯ ಸಾಲಿನಲ್ಲಿ ಕೂತವನಿಗೂ ಮಾತು ಮುಟ್ಟಬೇಕೆಂಬ ರಂಗಭೂಮಿಯ ಪಾಠ ‘ರಣಧೀರ ಕಂಠೀರವ’ದ (1960) ಸಂಭಾಷಣೆಗೂ ಬಲ ಕೊಟ್ಟಿತು. ಹೊಸ ಅಲೆ ಎದ್ದಾಗ, ಹೆಸರು ತಂದಿದ್ದ ದಾರಿಯನ್ನೇ ಬಿಟ್ಟು ತ.ರಾ.ಸು. ಕಾದಂಬರಿ ಆಧರಿಸಿ ‘ಹಂಸಗೀತೆ’ (1975) ನಿರ್ದೇಶಿಸಿದರು. ಅರವತ್ತರ ಹತ್ತಿರದಲ್ಲಿ ಇದು ದೊಡ್ಡ ಧೈರ್ಯ.

ಅವರೇ ನಿರ್ದೇಶಿಸಿದ 1983ರ ‘ಆದಿ ಶಂಕರಾಚಾರ್ಯ’ ಸಂಸ್ಕೃತದ ಮೊದಲ ಕಥಾಚಿತ್ರ. ಅತ್ಯುತ್ತಮ ಚಿತ್ರದ ಜೊತೆಗೆ ಅತ್ಯುತ್ತಮ ಚಿತ್ರಕಥೆಯ ರಾಷ್ಟ್ರಪ್ರಶಸ್ತಿಯೂ ಅದಕ್ಕೆ ಸಂದಿತು.