ಒಲೆಹ್ ಲುಜ್ನಿ: ಗೋಲು ಬಾರಿಸದೆ ಗೆದ್ದ ಕಾವಲುಗಾರ

ಉಕ್ರೇನ್ ಫುಟ್‌ಬಾಲ್ ಎಂದೊಡನೆ ನೆನಪಾಗುವುದು ಆಂದ್ರಿ ಶೆವ್‌ಚೆಂಕೊ. ಆತ ಗೋಲುಗಳನ್ನು ಬಾರಿಸುತ್ತಿದ್ದ ದಿನಗಳಲ್ಲಿ ಅದೇ ತಂಡದ ಹಿಂಬದಿಯಲ್ಲಿ, ಬಲಗಡೆಯ ಗೆರೆಯುದ್ದಕ್ಕೂ ದಣಿವರಿಯದೆ ಓಡಾಡುತ್ತಿದ್ದ ಇನ್ನೊಬ್ಬ ಆಟಗಾರನಿದ್ದರು. ಅವರೇ ಒಲೆಹ್ ಲುಜ್ನಿ. ಡೈನಮೊ ಕೀವ್ ಮತ್ತು ಉಕ್ರೇನ್ ತಂಡಗಳ ನಾಯಕ, ಇಂಗ್ಲೆಂಡಿನ ಆರ್ಸೆನಲ್ ಕ್ಲಬ್ಬಿನ ನಂಬಿಕಸ್ಥ ಬದಲಿ ಆಟಗಾರ, ಬಳಿಕ ತರಬೇತುದಾರ. ಉಕ್ರೇನ್ ಪರ 52 ಪಂದ್ಯ, ಅದಕ್ಕೂ ಮೊದಲು ಸೋವಿಯತ್ ಒಕ್ಕೂಟದ ಪರ 8 ಪಂದ್ಯಗಳನ್ನಾಡಿದ ಲುಜ್ನಿಗೆ ವಿಶ್ವಕಪ್‌ನಲ್ಲಾಗಲೀ ಯೂರೋ ಕಪ್‌ನಲ್ಲಾಗಲೀ ಒಂದು ಪಂದ್ಯವನ್ನೂ ಆಡುವ ಯೋಗ ಕೂಡಿಬರಲಿಲ್ಲ. ಅವರ ವೃತ್ತಿಜೀವನದ ಕಥೆ ಹೊಸದಾಗಿ ಹುಟ್ಟಿದ ಒಂದು ದೇಶದ ಫುಟ್‌ಬಾಲ್ ಕಥೆಯೂ ಹೌದು.

ಲ್ವಿವ್‌ನಿಂದ ಕೀವ್‌ಗೆ

ಲುಜ್ನಿ ಜನಿಸಿದ್ದು 1968ರ ಆಗಸ್ಟ್ 5ರಂದು, ಪಶ್ಚಿಮ ಉಕ್ರೇನಿನ ಲ್ವಿವ್ ನಗರದಲ್ಲಿ. ವೃತ್ತಿ ಆರಂಭವಾದದ್ದು ಸಮೀಪದ ಲುಟ್ಸ್ಕ್ ಪಟ್ಟಣದ ಟಾರ್ಪಿಡೊ ತಂಡದಿಂದ. ಅದು ಸೋವಿಯತ್ ಲೀಗ್‌ನ ಕೆಳ ಹಂತದಲ್ಲಿ ಆಡುತ್ತಿದ್ದ ತಂಡ. 1988ರಲ್ಲಿ ಲ್ವಿವ್‌ನ ಸೇನಾ ತಂಡ ಎಸ್‌ಕೆಎ ಕಾರ್ಪಾಟಿ ಸೇರಿದ ಅವರು ಮರುವರ್ಷವೇ ಗಣರಾಜ್ಯದ ಅತಿ ದೊಡ್ಡ ಕ್ಲಬ್ ಡೈನಮೊ ಕೀವ್‌ಗೆ ಬಂದರು. ಆಗ ಅವರಿಗಿನ್ನೂ 20 ವರ್ಷ.

ಆ ಕಾಲದ ಡೈನಮೊ ಎಂದರೆ ವಲೇರಿ ಲೋಬನೋವ್‌ಸ್ಕಿಯವರ ಪ್ರಯೋಗಶಾಲೆ. ಅಂಕಿಅಂಶ ತಜ್ಞ ಅನಾತೊಲಿ ಜೆಲೆಂಟ್ಸೊವ್ ಅವರ ನೆರವಿನಿಂದ ಪ್ರತಿಯೊಬ್ಬ ಆಟಗಾರನ ಓಟ, ಪಾಸು, ತಪ್ಪುಗಳನ್ನು ಲೆಕ್ಕವಿಟ್ಟು ತಂಡ ಕಟ್ಟಿದ ಗುರು ಅವರು. ರಕ್ಷಣಾ ಆಟಗಾರ ದಾಳಿಯನ್ನೂ ಬಲ್ಲವನಾಗಿರಬೇಕು, ದಾಳಿಗಾರ ಹಿಂದೆ ಬಂದು ಚೆಂಡು ಕಸಿಯುವುದನ್ನೂ ಅರಿತಿರಬೇಕು ಎಂಬುದು ಅವರ ಪಾಠ. ಲುಜ್ನಿ ಈ ಅಚ್ಚಿಗೆ ಹೇಳಿ ಮಾಡಿಸಿದಂತಿದ್ದರು. ಬಲ ಹಿಂಬದಿಯಲ್ಲಿ ನಿಂತು ಎದುರಾಳಿಯನ್ನು ತಡೆಯುವುದು, ಚೆಂಡು ಸಿಕ್ಕೊಡನೆ ಮೈದಾನದ ಇನ್ನೊಂದು ತುದಿಯವರೆಗೆ ಓಡುವುದು, ಮತ್ತೆ ತಮ್ಮ ಜಾಗಕ್ಕೆ ಮರಳುವುದು ಅವರ ನಿತ್ಯದ ಕೆಲಸ. ಮುಂದೆ ಇಂಗ್ಲೆಂಡಿನಲ್ಲಿ ಅವರಿಗೆ 'ಕುದುರೆ' ಎಂಬ ಅಡ್ಡಹೆಸರು ಬಿದ್ದದ್ದು ಸುಮ್ಮನೆ ಅಲ್ಲ.

1990ರಲ್ಲಿ ಡೈನಮೊ ಸೋವಿಯತ್ ಲೀಗ್ ಹಾಗೂ ಸೋವಿಯತ್ ಕಪ್ ಎರಡನ್ನೂ ಗೆದ್ದುಕೊಂಡಿತು. ಅದೇ ವರ್ಷ ಸೋವಿಯತ್ ತಂಡ 21 ವರ್ಷದೊಳಗಿನವರ ಯೂರೋಪಿಯನ್ ಪ್ರಶಸ್ತಿಯನ್ನೂ ಪಡೆಯಿತು. ಲುಜ್ನಿ ಈ ಗೆಲುವುಗಳಲ್ಲೆಲ್ಲ ಪಾಲುದಾರರು. ಹಿರಿಯರ ಸೋವಿಯತ್ ತಂಡಕ್ಕೂ ಕರೆ ಬಂದಿತ್ತು. ಆದರೆ 1990ರ ಇಟಲಿ ವಿಶ್ವಕಪ್ ತಂಡದಲ್ಲಿ ಸ್ಥಾನ ಸಿಗಲಿಲ್ಲ. ಇನ್ನೂ ವಯಸ್ಸಿದೆ, ಮುಂದಿನ ಸಲ ಆಡಬಹುದು ಎಂದು ಯಾರಿಗಾದರೂ ಅನ್ನಿಸುವಂಥ ಸ್ಥಿತಿ. ಮುಂದಿನ ಸಲಕ್ಕೆ ಆ ದೇಶವೇ ಉಳಿಯಲಿಲ್ಲ.

ದೇಶ ಬದಲಾದಾಗ

1991ರ ಕೊನೆಯಲ್ಲಿ ಸೋವಿಯತ್ ಒಕ್ಕೂಟ ಒಡೆಯಿತು. ಫುಟ್‌ಬಾಲ್ ಲೋಕದಲ್ಲಿ ಒಕ್ಕೂಟದ ಉತ್ತರಾಧಿಕಾರಿ ಸ್ಥಾನ ರಷ್ಯಾದ ಪಾಲಾಯಿತು. 1994ರ ವಿಶ್ವಕಪ್ ಅರ್ಹತಾ ಸುತ್ತಿನಲ್ಲಿ ರಷ್ಯಾ ಆಡಿತು. ಉಕ್ರೇನ್‌ಗೆ ಪ್ರವೇಶವೇ ದೊರೆಯಲಿಲ್ಲ.

ಇದರ ಪರಿಣಾಮ ಗಂಭೀರವಾಗಿತ್ತು. ಉಕ್ರೇನ್ ನೆಲದಲ್ಲಿ ಹುಟ್ಟಿ ಬೆಳೆದ ಹಲವು ಪ್ರತಿಭಾವಂತರು ವಿಶ್ವಕಪ್ ಆಡುವ ಅವಕಾಶ ಅರಸಿ ರಷ್ಯಾ ತಂಡ ಸೇರಿದರು. ಆಂದ್ರೆ ಕಾಂಚೆಲ್ಸ್‌ಕಿಸ್, ವಿಕ್ಟರ್ ಒನೊಪ್ಕೊ, ಸೆರ್ಗೆಯ್ ಯುರಾನ್, ಯೂರಿ ನಿಕಿಫೊರೊವ್ ಈ ಪೈಕಿ ಪ್ರಮುಖರು. ಉಕ್ರೇನಿನ ಮೊದಲ ಅಂತಾರಾಷ್ಟ್ರೀಯ ಪಂದ್ಯವನ್ನಾಡಿದ್ದ ಇಲ್ಯಾ ತ್ಸಿಂಬಲಾರ್ ಕೂಡ ಬಳಿಕ ಅದೇ ದಾರಿ ಹಿಡಿದರು. 1992ರ ಏಪ್ರಿಲ್ 29ರಂದು ಉಜ್‌ಹೊರೊಡ್‌ನಲ್ಲಿ ಹಂಗೇರಿ ಎದುರು ನಡೆದ ಆ ಪಂದ್ಯದಲ್ಲಿ ಉಕ್ರೇನ್ 1-3ರಿಂದ ಸೋತಿತು.

ಲುಜ್ನಿ ಉಳಿದುಕೊಂಡರು. ಅನುಭವಿಗಳು ತೆರವು ಮಾಡಿಹೋದ ತಂಡದಲ್ಲಿ ಅವರು ಕ್ರಮೇಣ ಕಂಬವಾಗಿ ನಿಂತರು. ನಾಯಕನ ತೋಳಪಟ್ಟಿಯೂ ಅವರ ಪಾಲಿಗೆ ಬಂತು.

ಡೈನಮೊದ ಏಳುಬೀಳು

ಸ್ವತಂತ್ರ ಉಕ್ರೇನಿನ ಮೊದಲ ಲೀಗ್ ಪ್ರಶಸ್ತಿ ಎಲ್ಲರ ನಿರೀಕ್ಷೆಯನ್ನೂ ಹುಸಿಗೊಳಿಸಿತು. 1992ರ ನಿರ್ಣಾಯಕ ಪಂದ್ಯದಲ್ಲಿ ಕ್ರಿಮಿಯಾದ ತಾವ್ರಿಯಾ ಸಿಂಫೆರೊಪೊಲ್ ತಂಡವು ಡೈನಮೊವನ್ನು 1-0ಯಿಂದ ಮಣಿಸಿತು. ಪಂದ್ಯ ನಡೆದದ್ದು ಲುಜ್ನಿಯವರ ಹುಟ್ಟೂರು ಲ್ವಿವ್‌ನಲ್ಲಿ. ಆ ಆಘಾತದ ನಂತರ ಡೈನಮೊ ಹಿಂದೆ ನೋಡಲಿಲ್ಲ. 1993ರಿಂದ 1999ರವರೆಗೆ ಸತತ 7 ಬಾರಿ ಲೀಗ್ ಪ್ರಶಸ್ತಿ ಅದರದೇ ಆಯಿತು. ಈ ಏಳೂ ಪ್ರಶಸ್ತಿಗಳ ತಂಡದಲ್ಲಿ ಲುಜ್ನಿ ಇದ್ದರು.

ಮನೆಯಲ್ಲಿ ಗೆಲುವು ಸುಲಭವಾಗಿತ್ತು, ಹೊರಗೆ ಹಾಗಿರಲಿಲ್ಲ. 1995ರ ಸೆಪ್ಟೆಂಬರ್‌ನಲ್ಲಿ ಗ್ರೀಸ್‌ನ ಪನಾಥಿನೈಕೊಸ್ ವಿರುದ್ಧದ ಪಂದ್ಯಕ್ಕೆ ಬಂದಿದ್ದ ಸ್ಪೇನಿನ ರೆಫರಿ ಆಂಟೊನಿಯೊ ಲೋಪೆಜ್ ನಿಯೆಟೊ, ತಮಗೆ ತುಪ್ಪಳದ ಕೋಟುಗಳ ಆಮಿಷ ಒಡ್ಡಲಾಯಿತೆಂದು ದೂರಿದರು. ಯೂರೋಪಿಯನ್ ಫುಟ್‌ಬಾಲ್ ಒಕ್ಕೂಟವು ಡೈನಮೊವನ್ನು ಚಾಂಪಿಯನ್ಸ್ ಲೀಗ್‌ನಿಂದ ಹೊರಗಟ್ಟಿತು. ಮುಂದಿನ ಋತುಗಳಿಗೂ ವಿಸ್ತರಿಸಿದ್ದ ನಿಷೇಧ 1996ರಲ್ಲಿ ತೆರವಾಯಿತಾದರೂ ಆಟಗಾರರು ಒಂದು ಅಮೂಲ್ಯ ವರ್ಷವನ್ನು ಕಳೆದುಕೊಂಡಿದ್ದರು.

1997ರ ಆರಂಭದಲ್ಲಿ ಲೋಬನೋವ್‌ಸ್ಕಿ ಅರಬ್ ನಾಡುಗಳಿಂದ ಮರಳಿ ಕ್ಲಬ್ಬಿನ ಹೊಣೆ ಹೊತ್ತರು. ಅದೇ ವರ್ಷದ ಅಕ್ಟೋಬರ್‌ನಲ್ಲಿ ಕೀವ್‌ನಲ್ಲಿ ಬಾರ್ಸಿಲೋನಾವನ್ನು 3-0ಯಿಂದಲೂ ನವೆಂಬರ್‌ನಲ್ಲಿ ಬಾರ್ಸಿಲೋನಾದ ಅಂಗಳದಲ್ಲೇ 4-0ಯಿಂದಲೂ ಡೈನಮೊ ಸೋಲಿಸಿದಾಗ ಯೂರೋಪ್ ಬೆರಗಾಯಿತು. 1998-99ರ ಋತುವಿನಲ್ಲಂತೂ ತಂಡ ಉತ್ತುಂಗದಲ್ಲಿತ್ತು. ಗುಂಪು ಹಂತದಲ್ಲಿ ಆರ್ಸೆನಲ್ ಜತೆ ವೆಂಬ್ಲಿಯಲ್ಲಿ 1-1ರ ಸಮಬಲ, ಕೀವ್‌ನಲ್ಲಿ 3-1ರ ಜಯ. ಕ್ವಾರ್ಟರ್ ಫೈನಲ್‌ನಲ್ಲಿ ಹಾಲಿ ಚಾಂಪಿಯನ್ ರಿಯಲ್ ಮ್ಯಾಡ್ರಿಡ್ ಮನೆಗೆ ಹೋಯಿತು. ಸೆಮಿಫೈನಲ್‌ನ ಮೊದಲ ಚರಣದಲ್ಲಿ ಬಯರ್ನ್ ಮ್ಯೂನಿಕ್ ವಿರುದ್ಧ 3-1ರ ಮುನ್ನಡೆ ಪಡೆದಿದ್ದ ಡೈನಮೊ ಅದನ್ನು ಕಾಯ್ದುಕೊಳ್ಳಲಾಗದೆ 3-3ಕ್ಕೆ ತೃಪ್ತಿಪಟ್ಟಿತು. ಮ್ಯೂನಿಕ್‌ನಲ್ಲಿ ಮಾರಿಯೊ ಬಾಸ್ಲರ್ ಬಾರಿಸಿದ ಏಕೈಕ ಗೋಲು ಕನಸಿಗೆ ತೆರೆ ಎಳೆಯಿತು.

ಆ ತಂಡ ಮತ್ತೆ ಒಟ್ಟಾಗಲಿಲ್ಲ. ಶೆವ್‌ಚೆಂಕೊ ಮಿಲಾನ್‌ಗೆ, ಒಂದು ವರ್ಷದ ನಂತರ ಸೆರ್ಹಿ ರೆಬ್ರೊವ್ ಟಾಟೆನ್‌ಹ್ಯಾಮ್‌ಗೆ ತೆರಳಿದರು. ಲುಜ್ನಿಯನ್ನು ಆರ್ಸೆನಲ್ ವ್ಯವಸ್ಥಾಪಕ ಆರ್ಸನ್ ವೆಂಗರ್ 1999ರ ಬೇಸಿಗೆಯಲ್ಲಿ 18 ಲಕ್ಷ ಪೌಂಡ್ ಕೊಟ್ಟು ಕರೆಸಿಕೊಂಡರು.

ಮೂರು ಬಾರಿ ಬಾಗಿಲವರೆಗೆ

ಉಕ್ರೇನ್ ತಂಡದ ಆ ದಶಕವನ್ನು 'ಪ್ಲೇ ಆಫ್' ಎಂಬ ಒಂದೇ ಪದದಲ್ಲಿ ಹೇಳಿ ಮುಗಿಸಬಹುದು. ಗುಂಪಿನಲ್ಲಿ ಎರಡನೇ ಸ್ಥಾನ ಪಡೆಯುವುದು, ಅರ್ಹತೆಗಾಗಿ ಎರಡು ಚರಣಗಳ ಹೆಚ್ಚುವರಿ ಹಣಾಹಣಿ ಆಡುವುದು, ಅಲ್ಲಿ ಸೋಲುವುದು. ಹೀಗೆ ಮೂರು ಸಲ ನಡೆಯಿತು.

ಮೊದಲನೆಯದು 1998ರ ವಿಶ್ವಕಪ್‌ಗೆ. ಪೋರ್ಚುಗಲ್ಲನ್ನು ಹಿಂದಿಕ್ಕಿದ ಉಕ್ರೇನ್ ಜರ್ಮನಿಯ ನಂತರದ ಸ್ಥಾನ ಪಡೆಯಿತು. ಆದರೆ ಕ್ರೊಯೇಷಿಯಾ ಎದುರು ಜಾಗ್ರೆಬ್‌ನಲ್ಲಿ 0-2ರ ಸೋಲು, ಕೀವ್‌ನಲ್ಲಿ 1-1ರ ಸಮಬಲ ಕಂಡು ನಿರ್ಗಮಿಸಿತು.

ಎರಡನೆಯದು ಎಲ್ಲಕ್ಕಿಂತ ನೋವಿನದು. 2000ದ ಯೂರೋ ಕಪ್ ಅರ್ಹತಾ ಗುಂಪಿನಲ್ಲಿ ವಿಶ್ವ ಚಾಂಪಿಯನ್ ಫ್ರಾನ್ಸ್ ಹಾಗೂ ರಷ್ಯಾ ಎದುರಾಳಿಗಳು. ಕೀವ್‌ನಲ್ಲಿ ರಷ್ಯಾವನ್ನು 3-2ರಿಂದ ಸೋಲಿಸಿದ್ದ ಉಕ್ರೇನ್ 1999ರ ಅಕ್ಟೋಬರ್ 9ರಂದು ಮಾಸ್ಕೋದಲ್ಲಿ ಕೊನೆಯ ಪಂದ್ಯ ಆಡಿತು. ಒಂದು ಗೋಲಿನಿಂದ ಹಿಂದಿದ್ದಾಗ, ಪಂದ್ಯ ಮುಗಿಯಲು ಕೆಲವೇ ನಿಮಿಷಗಳಿರುವಾಗ ಶೆವ್‌ಚೆಂಕೊ ದೂರದಿಂದ ಒದ್ದ ಫ್ರೀ ಕಿಕ್ಕನ್ನು ರಷ್ಯಾದ ಗೋಲ್‌ಕೀಪರ್ ಫಿಲಿಮೊನೊವ್ ಹಿಡಿಯಲು ಹೋಗಿ ಚೆಂಡನ್ನು ತಮ್ಮದೇ ಬಲೆಯೊಳಗೆ ಹಾಕಿಕೊಂಡರು. 1-1. ರಷ್ಯಾ ಹೊರಬಿತ್ತು, ಉಕ್ರೇನ್ ಫ್ರಾನ್ಸ್‌ಗಿಂತ ಒಂದೇ ಅಂಕ ಹಿಂದೆ ಉಳಿದು ಪ್ಲೇ ಆಫ್ ತಲುಪಿತು. ಎದುರಾಳಿ ಪುಟ್ಟ ದೇಶ ಸ್ಲೊವೇನಿಯಾ. ಲುಬ್ಲಿಯಾನಾದಲ್ಲಿ ಶೆವ್‌ಚೆಂಕೊ ಮೊದಲ ಗೋಲು ಹೊಡೆದರೂ ಪಂದ್ಯ 2-1ರಿಂದ ಸ್ಲೊವೇನಿಯಾ ಪಾಲಾಯಿತು. ಉಕ್ರೇನ್ ಗೋಲ್‌ಕೀಪರ್ ಷೊವ್‌ಕೊವ್‌ಸ್ಕಿ ಮುಂದೆ ಬಂದದ್ದನ್ನು ಕಂಡು ಮಿಲೆಂಕೊ ಅಚಿಮೊವಿಚ್ ಬಹುದೂರದಿಂದ ಎತ್ತಿ ಬಾರಿಸಿದ ಗೋಲು ನಿರ್ಣಾಯಕವಾಯಿತು. ಕೀವ್‌ನ ಮರುಪಂದ್ಯ 1-1ರಲ್ಲಿ ಮುಗಿಯಿತು.

ಮೂರನೆಯದು 2002ರ ವಿಶ್ವಕಪ್‌ಗೆ. ಈ ಸಲ ರಾಷ್ಟ್ರೀಯ ತಂಡಕ್ಕೂ ಲೋಬನೋವ್‌ಸ್ಕಿಯೇ ಗುರು. ಕೀವ್‌ನಲ್ಲಿ ಜರ್ಮನಿಯೊಂದಿಗೆ 1-1ರ ಸಮಬಲ. ನಾಲ್ಕು ದಿನಗಳ ತರುವಾಯ ಡಾರ್ಟ್‌ಮಂಡ್‌ನಲ್ಲಿ 1-4ರ ಪರಾಭವ.

ಉಕ್ರೇನ್‌ನ ದಾರಿಗೆ ಅಡ್ಡ ನಿಂತವರು ಸಾಮಾನ್ಯರಾಗಿರಲಿಲ್ಲ ಎಂಬುದು ಗಮನಾರ್ಹ. ಕ್ರೊಯೇಷಿಯಾ 1998ರಲ್ಲಿ ತೃತೀಯ ಸ್ಥಾನ ಗಳಿಸಿತು. ಫ್ರಾನ್ಸ್ 2000ದಲ್ಲಿ ಯೂರೋ ಕಪ್ ಗೆದ್ದಿತು. ಜರ್ಮನಿ 2002ರಲ್ಲಿ ಫೈನಲ್ ಆಡಿತು. ಉಕ್ರೇನ್ ಕೊನೆಗೂ 2006ರಲ್ಲಿ ವಿಶ್ವಕಪ್ ಪ್ರವೇಶಿಸಿ ಕ್ವಾರ್ಟರ್ ಫೈನಲ್ ತಲುಪಿತು. ಅಷ್ಟರಲ್ಲಿ ಲುಜ್ನಿ ರಾಷ್ಟ್ರೀಯ ತಂಡ ಬಿಟ್ಟು ಮೂರು ವರ್ಷಗಳಾಗಿದ್ದವು.

ಲಂಡನ್‌ನಲ್ಲಿ ನಾಲ್ಕು ವರ್ಷ

ಆರ್ಸೆನಲ್ ಸೇರಿದಾಗ ಲುಜ್ನಿ 31ರ ಹೊಸ್ತಿಲಲ್ಲಿದ್ದರು. ಬಲ ಹಿಂಬದಿಯಲ್ಲಿ ಹಿರಿಯ ಆಟಗಾರ ಲೀ ಡಿಕ್ಸನ್ ಇನ್ನೂ ಗಟ್ಟಿಯಾಗಿ ನಿಂತಿದ್ದರು. ಡಿಕ್ಸನ್ ಹಿಂದೆ ಸರಿಯುವ ಹೊತ್ತಿಗೆ, 2000ದಲ್ಲಿ ಮಯೋರ್ಕಾದಿಂದ ಬಂದಿದ್ದ ಕ್ಯಾಮರೂನಿನ ಲಾರೆನ್ ಆ ಸ್ಥಾನಕ್ಕೆ ಪಕ್ಕಾ ಆದರು. ಡೈನಮೊದಲ್ಲಿ ಪ್ರತಿ ವಾರ ತಂಡವನ್ನು ಮುನ್ನಡೆಸಿ ಮೈದಾನಕ್ಕಿಳಿಯುತ್ತಿದ್ದ ನಾಯಕ ಇಲ್ಲಿ ಸರದಿಗಾಗಿ ಬೆಂಚಿನಲ್ಲಿ ಕಾಯಬೇಕಾಯಿತು.

ಆದರೂ ಲೆಕ್ಕ ತೆಗೆದರೆ ಅವರನ್ನು ಮೂಲೆಗುಂಪಾದವರೆಂದು ಹೇಳಲಾಗದು. ನಾಲ್ಕು ಲೀಗ್ ಋತುಗಳಲ್ಲಿ ಕ್ರಮವಾಗಿ 21, 19, 18 ಮತ್ತು 17 ಪಂದ್ಯ, ಒಟ್ಟು 75. ಎಲ್ಲ ಪಂದ್ಯಾವಳಿಗಳೂ ಸೇರಿ 110. ಗೋಲು ಮಾತ್ರ ಸೊನ್ನೆ. ಬಲಗಡೆಯಲ್ಲಿ ಯಾರಾದರೂ ಗಾಯಗೊಂಡರೆ ಅಲ್ಲಿ, ನಡುವೆ ಯಾರಾದರೂ ಅಮಾನತಾದರೆ ಅಲ್ಲಿ, ವೆಂಗರ್ ಹೇಳಿದಲ್ಲಿ ಆಡಿದರು. 2001-02ರಲ್ಲಿ ಆರ್ಸೆನಲ್ ಲೀಗ್ ಮತ್ತು ಎಫ್‌ಎ ಕಪ್ ಎರಡನ್ನೂ ಗೆದ್ದಿತು. ಪ್ರೀಮಿಯರ್ ಲೀಗ್ ಪದಕಕ್ಕೆ ಆಗಿನ ನಿಯಮದಂತೆ 10 ಪಂದ್ಯಗಳು ಬೇಕಿದ್ದವು. 18 ಪಂದ್ಯಗಳನ್ನಾಡಿದ್ದ ಲುಜ್ನಿ ಆ ಪದಕ ಧರಿಸಿದರು.

ಅವರ ಅತಿ ದೊಡ್ಡ ಪರೀಕ್ಷೆ ಕೊನೆಯ ವರ್ಷಕ್ಕೆ ಕಾದಿತ್ತು. 2003ರ ಮೇ 17ರಂದು ಕಾರ್ಡಿಫ್‌ನಲ್ಲಿ ಸೌತಾಂಪ್ಟನ್ ವಿರುದ್ಧ ಎಫ್‌ಎ ಕಪ್ ಫೈನಲ್. ಟೋನಿ ಆಡಮ್ಸ್ ಅದಕ್ಕೂ ಹಿಂದಿನ ವರ್ಷವೇ ನಿವೃತ್ತರಾಗಿದ್ದರು. ಸೋಲ್ ಕ್ಯಾಂಬೆಲ್ ಅಮಾನತಿನಲ್ಲಿದ್ದರು. ಹೀಗಾಗಿ ರಕ್ಷಣೆಯ ನಟ್ಟನಡುವೆ ಮಾರ್ಟಿನ್ ಕಿಯೋನ್ ಜತೆ ನಿಲ್ಲುವ ಹೊಣೆ 34ರ ಲುಜ್ನಿಯ ಹೆಗಲೇರಿತು. ಎದುರಿಗಿದ್ದವರು ಆ ಋತುವಿನ ಲೀಗ್‌ನಲ್ಲಿ 23 ಗೋಲು ಬಾರಿಸಿದ್ದ ಜೇಮ್ಸ್ ಬೀಟಿ. ಛಾವಣಿ ಮುಚ್ಚಿದ ಕ್ರೀಡಾಂಗಣದಲ್ಲಿ ನಡೆದ ಮೊದಲ ಎಫ್‌ಎ ಕಪ್ ಫೈನಲ್ ಅದು. ರಾಬರ್ಟ್ ಪಿರೆಸ್ ಬಾರಿಸಿದ ಒಂದೇ ಗೋಲನ್ನು ಆರ್ಸೆನಲ್ ಕೊನೆಯವರೆಗೆ ಕಾಪಾಡಿಕೊಂಡಿತು. ಬೀಟಿಗೆ ಗೋಲು ದಕ್ಕಲಿಲ್ಲ. ತನ್ನದಲ್ಲದ ಸ್ಥಾನದಲ್ಲಿ, ದೊಡ್ಡ ದಿನದಂದು ನಿಂತು ಕೆಲಸ ಪೂರೈಸಿದ ಲುಜ್ನಿ ಕಪ್‌ನೊಂದಿಗೆ ಆರ್ಸೆನಲ್‌ಗೆ ವಿದಾಯ ಹೇಳಿದರು.

ಇಳಿಹೊತ್ತು ಮತ್ತು ತರಬೇತಿ

ಮುಂದಿನ ನೆಲೆ ಪ್ರೀಮಿಯರ್ ಲೀಗ್‌ಗೆ ಹೊಸದಾಗಿ ಬಡ್ತಿ ಪಡೆದಿದ್ದ ವುಲ್ವರ್‌ಹ್ಯಾಂಪ್ಟನ್ ವಾಂಡರರ್ಸ್. ಅಲ್ಲಿ 2003-04ರಲ್ಲಿ ದೊರೆತದ್ದು ಕೇವಲ 6 ಲೀಗ್ ಪಂದ್ಯ. ತಂಡ ಕೊನೆಯ ಸ್ಥಾನ ಪಡೆದು ಕೆಳಗಿಳಿಯಿತು. ಬಳಿಕ ಲಾಟ್ವಿಯಾದ ವೆಂಟಾ ಕ್ಲಬ್ಬಿನಲ್ಲಿ ಕೆಲಕಾಲ ಆಟಗಾರ ಹಾಗೂ ತರಬೇತುದಾರನಾಗಿ ಎರಡೂ ಪಾತ್ರ ನಿರ್ವಹಿಸಿ ಆಟಕ್ಕೆ ಮಂಗಳ ಹಾಡಿದರು.

ತರಬೇತುದಾರನಾಗಿ ಡೈನಮೊಗೆ ಮರಳಿದ ಅವರಿಗೆ ಕಷ್ಟಕಾಲದ ಹೊಣೆಗಳೇ ಸಿಕ್ಕವು. 2007ರಲ್ಲಿ ಯೋಝೆಫ್ ಸಾಬೊ ನಿರ್ಗಮಿಸಿದ ಮೇಲೆ ತಾತ್ಕಾಲಿಕ ಮುಖ್ಯ ತರಬೇತುದಾರನ ಜವಾಬ್ದಾರಿ ಬಂತು. ಆ ಋತುವಿನ ಚಾಂಪಿಯನ್ಸ್ ಲೀಗ್ ಗುಂಪು ಹಂತದಲ್ಲಿ ಡೈನಮೊ ಆರಕ್ಕೆ ಆರೂ ಪಂದ್ಯಗಳನ್ನು ಸೋತಿತು. 2010ರಲ್ಲೂ ಮಧ್ಯಂತರ ಹೊಣೆ ಅವರದಾಯಿತು. 2012ರಲ್ಲಿ ತಾವ್ರಿಯಾ ಸಿಂಫೆರೊಪೊಲ್ ತಂಡದ ತರಬೇತುದಾರರಾದರು. ಇಪ್ಪತ್ತು ವರ್ಷಗಳ ಹಿಂದೆ ಡೈನಮೊದ ಕೈಯಿಂದ ಮೊದಲ ಲೀಗ್ ಪ್ರಶಸ್ತಿ ಕಸಿದುಕೊಂಡದ್ದು ಇದೇ ತಂಡ! 2014ರಲ್ಲಿ ರಷ್ಯಾ ಕ್ರಿಮಿಯಾವನ್ನು ಸ್ವಾಧೀನಕ್ಕೆ ತೆಗೆದುಕೊಂಡ ನಂತರ ಆ ಕ್ಲಬ್ ಉಕ್ರೇನಿನ ಉನ್ನತ ಲೀಗ್‌ನಿಂದ ಮರೆಯಾಯಿತು.

2022ರ ಫೆಬ್ರುವರಿಯಲ್ಲಿ ರಷ್ಯಾ ಪೂರ್ಣ ಪ್ರಮಾಣದ ದಾಳಿ ಆರಂಭಿಸಿದಾಗ ಲುಜ್ನಿ ಉಕ್ರೇನ್‌ನಲ್ಲಿದ್ದರು. ಇಂಗ್ಲೆಂಡಿಗೆ ಮರಳಿ ತರಬೇತಿ ವೃತ್ತಿ ಮುಂದುವರಿಸುವ ಆಲೋಚನೆಯನ್ನು ಬದಿಗಿಟ್ಟು, ದೇಶಕ್ಕಾಗಿ ಹೋರಾಡಲು ಸಿದ್ಧ ಎಂದು ಅವರು ಬಹಿರಂಗವಾಗಿ ಸಾರಿದರು. ಆಗ ಅವರ ವಯಸ್ಸು 53. ಮೂವತ್ತು ವರ್ಷಗಳ ಹಿಂದೆ ಹಲವು ಸಹ ಆಟಗಾರರು ಬೇರೆ ಅಂಗಿ ತೊಟ್ಟಾಗ ತನ್ನ ನೆಲದ ತಂಡದಲ್ಲೇ ಉಳಿದಿದ್ದ ಆಟಗಾರನಿಂದ ಬಂದ ಈ ಮಾತು ಅಚ್ಚರಿ ಹುಟ್ಟಿಸುವಂಥದ್ದಲ್ಲ.

ಒಂದು ನೋಟ

ಜನನ: 1968 ಆಗಸ್ಟ್ 5, ಲ್ವಿವ್

ಸ್ಥಾನ: ಬಲ ಹಿಂಬದಿ, ಅಗತ್ಯ ಬಿದ್ದಾಗ ನಡು ರಕ್ಷಣೆ

ಆಡಿದ ಕ್ಲಬ್‌ಗಳು: ಟಾರ್ಪಿಡೊ ಲುಟ್ಸ್ಕ್, ಎಸ್‌ಕೆಎ ಕಾರ್ಪಾಟಿ ಲ್ವಿವ್, ಡೈನಮೊ ಕೀವ್ (1989-99), ಆರ್ಸೆನಲ್ (1999-2003), ವುಲ್ವರ್‌ಹ್ಯಾಂಪ್ಟನ್ ವಾಂಡರರ್ಸ್ (2003-04), ವೆಂಟಾ

ಅಂತಾರಾಷ್ಟ್ರೀಯ ಪಂದ್ಯ: ಸೋವಿಯತ್ ಒಕ್ಕೂಟ 8, ಉಕ್ರೇನ್ 52

ಪ್ರಮುಖ ಪ್ರಶಸ್ತಿ: ಸೋವಿಯತ್ ಲೀಗ್ ಮತ್ತು ಕಪ್ (1990), ಉಕ್ರೇನ್ ಲೀಗ್ 7 ಬಾರಿ, ಉಕ್ರೇನ್ ಕಪ್ 4 ಬಾರಿ (1993, 1996, 1998, 1999), ಇಂಗ್ಲಿಷ್ ಪ್ರೀಮಿಯರ್ ಲೀಗ್ (2002), ಎಫ್‌ಎ ಕಪ್ (2003)