ವಿಡಿಯೊ ಗೇಮ್ ಟ್ರೈಲರ್ ಸಂಗೀತ

ವಿಡಿಯೊ ಗೇಮ್ ಟ್ರೈಲರ್ ಸಂಗೀತವೆಂದರೆ ಗಣಕ ಅಥವಾ ಮೊಬೈಲ್ ಆಟವೊಂದನ್ನು ಪರಿಚಯಿಸುವ ಪ್ರಚಾರ ದೃಶ್ಯತುಣುಕಿಗೆ ಅಳವಡಿಸುವ ಸಂಗೀತ. ಇದು ಆಟದೊಳಗಿನ ಹಿನ್ನೆಲೆ ಸಂಗೀತಕ್ಕಿಂತ ಭಿನ್ನವಾದುದು. ಆಟದ ಸಂಗೀತವು ಆಟಗಾರನ ನಡೆಗೆ ತಕ್ಕಂತೆ ಬದಲಾಗುತ್ತ ಗಂಟೆಗಟ್ಟಲೆ ಸಾಗಬಲ್ಲದು. ಟ್ರೈಲರ್ ಸಂಗೀತವು ಕೆಲವೇ ನಿಮಿಷಗಳಲ್ಲಿ ಆರಂಭ, ಏರಿಕೆ ಹಾಗೂ ಮುಕ್ತಾಯವನ್ನು ಕಾಣಬೇಕಾಗುತ್ತದೆ.

ಬಗೆಗಳು

ಇದರಲ್ಲಿ ಮುಖ್ಯವಾಗಿ ಮೂರು ಬಗೆಗಳಿವೆ: ಟ್ರೈಲರ್‌ಗೆಂದೇ ಹೊಸದಾಗಿ ರಚಿಸಿದ ಸಂಗೀತ, ಸಂಗೀತ ಸಂಗ್ರಹಗಳಿಂದ ಶುಲ್ಕ ತೆತ್ತು ಪಡೆದ ಸಿದ್ಧ ಸಂಗೀತ ಮತ್ತು ಅನುಮತಿ ಪಡೆದು ಬಳಸಿದ ಹಳೆಯ ಹಾಡು.

ಪ್ರಮುಖ ಉದಾಹರಣೆಗಳು

2006ರಲ್ಲಿ 'ಗೇರ್ಸ್ ಆಫ್ ವಾರ್' ಎಂಬ ಯುದ್ಧದ ಆಟದ ಟ್ರೈಲರ್, ಮೈಕಲ್ ಆಂಡ್ರ್ಯೂಸ್ ಮತ್ತು ಗ್ಯಾರಿ ಜೂಲ್ಸ್ ಅವರ 'ಮ್ಯಾಡ್ ವರ್ಲ್ಡ್' ಎಂಬ ವಿಷಾದದ ಹಾಡನ್ನು ಬಳಸಿತು. ಹಿಂಸೆಯ ದೃಶ್ಯಕ್ಕೆ ಶೋಕದ ಸ್ವರವನ್ನು ಹೊಂದಿಸಿದ ಈ ಕ್ರಮವು ಬಹಳ ಗಮನ ಸೆಳೆಯಿತು. 2011ರ 'ಡೆಡ್ ಐಲ್ಯಾಂಡ್' ಟ್ರೈಲರ್‌ಗೆ ಗೈಲ್ಸ್ ಲ್ಯಾಂಬ್ ಹೊಸ ಸಂಗೀತವನ್ನೇ ರಚಿಸಿದರು. 2023ರ ಡಿಸೆಂಬರ್‌ನಲ್ಲಿ ಪ್ರಕಟವಾದ 'ಗ್ರ್ಯಾಂಡ್ ಥೆಫ್ಟ್ ಆಟೊ 6' ಮೊದಲ ಟ್ರೈಲರ್, ಟಾಮ್ ಪೆಟ್ಟಿ ಅವರ 1989ರ 'ಲವ್ ಈಸ್ ಎ ಲಾಂಗ್ ರೋಡ್' ಹಾಡಿಗೆ ಹೊಸ ಕೇಳುಗರನ್ನು ದೊರಕಿಸಿತು. ಪೆಟ್ಟಿ 2017ರಲ್ಲೇ ನಿಧನರಾಗಿದ್ದರು.

ಕರ್ನಾಟಕದ ನಂಟು

ಬೆಂಗಳೂರಿನ ಧ್ರುವ ಇಂಟರಾಕ್ಟಿವ್ (ಸ್ಥಾಪನೆ 1997) ಭಾರತದ ಆರಂಭಿಕ ಆಟ-ನಿರ್ಮಾಣ ಸಂಸ್ಥೆಗಳಲ್ಲೊಂದು. 'ಗ್ರ್ಯಾಂಡ್ ಥೆಫ್ಟ್ ಆಟೊ' ಸರಣಿಯ ರಾಕ್‌ಸ್ಟಾರ್ ಗೇಮ್ಸ್ 2019ರಲ್ಲಿ ಇದನ್ನು ಕೊಂಡು ತನ್ನ ಬೆಂಗಳೂರು ಶಾಖೆಯಲ್ಲಿ ವಿಲೀನಗೊಳಿಸಿತು. ಬೆಂಗಳೂರಿನ ಸಂಗೀತಕಾರ ರಿಕಿ ಕೇಜ್ ಅವರೊಡನೆ 'ಡಿವೈನ್ ಟೈಡ್ಸ್' ಸಂಕಲನಕ್ಕಾಗಿ 2022ರಲ್ಲಿ ಗ್ರ್ಯಾಮಿ ಪ್ರಶಸ್ತಿ ಪಡೆದ ಸ್ಟೀವರ್ಟ್ ಕೋಪ್‌ಲ್ಯಾಂಡ್, 1998ರ 'ಸ್ಪೈರೊ ದ ಡ್ರ್ಯಾಗನ್' ಆಟದ ಸಂಗೀತ ರಚಿಸಿದವರು.

ಕೃತಿಸ್ವಾಮ್ಯ

ಹಾಡೊಂದನ್ನು ಟ್ರೈಲರ್‌ಗೆ ಬಳಸಲು ಸಾಮಾನ್ಯವಾಗಿ ಎರಡು ಅನುಮತಿಗಳು ಬೇಕು: ಸಾಹಿತ್ಯ-ಸಂಗೀತ ರಚನೆಯದು ಒಂದು, ಧ್ವನಿಮುದ್ರಣದ್ದು ಇನ್ನೊಂದು. ಭಾರತದ 1957ರ ಕೃತಿಸ್ವಾಮ್ಯ ಕಾಯ್ದೆಯಂತೆ ರಚನೆಯ ಹಕ್ಕು ಕರ್ತೃವಿನ ಮರಣಾನಂತರ 60 ವರ್ಷ ಉಳಿಯುತ್ತದೆ. ಧ್ವನಿಮುದ್ರಣದ ಹಕ್ಕು ಪ್ರಕಟಣೆಯಿಂದ 60 ವರ್ಷ.

ಜನಪದ ಹಾಗೂ ತತ್ವಪದ ಗಾಯಕರ ಪಾಲಿಗೆ ಈ ಭೇದ ಮಹತ್ವದ್ದು. ಕಲಬುರಗಿ ಸೀಮೆಯ ಕಡಕೋಳ ಮಡಿವಾಳಪ್ಪನವರಂಥ ಪ್ರಾಚೀನರ ಪದಗಳು ಸರ್ವರ ಸೊತ್ತು. ಅವನ್ನು ಯಾರೂ ಹಾಡಬಹುದು. ಆದರೆ ಅವನ್ನು ಇಂದು ಹಾಡಿದ ಕಲಾವಿದರಿಗೆ ತಮ್ಮ ಪ್ರಸ್ತುತಿಯ ಮೇಲೆ 50 ವರ್ಷಗಳ ಹಕ್ಕುಂಟು. ಪದ ಹಳೆಯದೆಂಬ ಕಾರಣದಿಂದ ಗಾಯಕರ ದನಿಯು ಪುಕ್ಕಟೆಯಾಗದು.