ಅವಳನ್ನೇ ಕೇಳಿ..

ನೆಂಟರ ಹುಡುಗಿಯೊಬ್ಬಳು ಹೇಳದೇ ಮದುವೆಯಾದ ಸುದ್ದಿ ಮೊನ್ನೆ ನಮ್ಮ ಲಕ್ಷ್ಮೀಪುರಂ ಮನೆಗೂ ಬಂತು. ಕಾಫಿ ಸೋಸ್ತಾ ಅಮ್ಮ ಕೇಳಿದ್ಲು, "ಹೇಬಿಯಸ್ ಕಾರ್ಪಸ್ ಹಾಕಿದ್ರೆ ವಾಪಸ್ ಕಳಿಸ್ತಾರಂತೆ, ಹೌದೇನೋ?"

ಹಾಗಲ್ಲ. ಕೂಡಿಹಾಕಿದ ವ್ಯಕ್ತಿಯನ್ನು ಕೋರ್ಟಿಗೆ ಕರೆತಂದು ಕಾರಣ ಹೇಳಿ ಎನ್ನುವ ಆಜ್ಞೆ ಅದು. ಕೂಡಿಹಾಕಿದವರು ಪೊಲೀಸರೇ ಆಗಬೇಕಿಲ್ಲ. 1891ರಲ್ಲಿ ಇಂಗ್ಲೆಂಡಿನ ಜಾಕ್ಸನ್ ಎಂಬಾತ, ಚರ್ಚಿನಿಂದ ಹೊರಬರುತ್ತಿದ್ದ ಹೆಂಡತಿಯನ್ನು ಎಳೆದೊಯ್ದು ಮನೆಯಲ್ಲಿಟ್ಟಿದ್ದ. ಗಂಡನಿಗೂ ಆ ಹಕ್ಕಿಲ್ಲ ಅಂತ ಕೋರ್ಟು ಆಕೆಯನ್ನು ಬಿಡಿಸಿತು.

ಕೋರ್ಟುಗಳೂ ಎಡವಿವೆ. 2017ರಲ್ಲಿ ಕೇರಳ ಹೈಕೋರ್ಟು ತಂದೆಯ ಅರ್ಜಿಯ ಮೇಲೆ 24ರ ಹಾದಿಯಾಳ ಮದುವೆಯನ್ನೇ ರದ್ದುಮಾಡಿ ಹೆತ್ತವರ ಸುಪರ್ದಿಗೆ ಕೊಟ್ಟಿತ್ತು. 2018ರ ಮಾರ್ಚಿನಲ್ಲಿ ಸುಪ್ರೀಂ ಕೋರ್ಟ್ ಅದನ್ನು ತಳ್ಳಿಹಾಕಿತು.

ನಮ್ಮ ಬೆಂಗಳೂರಿನದೂ ಒಂದಿದೆ. ಸಾಫ್ಟ್‌ವೇರ್ ಇಂಜಿನಿಯರ್ ಹುಡುಗಿ, ಬೇರೆ ಧರ್ಮದ ಹುಡುಗ. ಅವಳ ಮನೆಯವರ ಒಪ್ಪಿಗೆಯಿಲ್ಲ. ಅವಳು ಮಹಿಳಾ ಸಂಸ್ಥೆಯೊಂದರಲ್ಲಿದ್ದಳು. ಅರ್ಜಿ ಹಾಕಿದ್ದು ಅವನು. ನ್ಯಾಯಮೂರ್ತಿಗಳಾದ ಎಸ್. ಸುಜಾತಾ, ಸಚಿನ್ ಶಂಕರ್ ಮಗದುಮ್ ಅವಳನ್ನೇ ಕೇಳಿದರು. ಮೆಚ್ಚಿದವರನ್ನು ಮದುವೆಯಾಗೋದು ವಯಸ್ಕರ ಮೂಲಭೂತ ಹಕ್ಕು ಅಂತ 2020ರ ನವೆಂಬರ್ 27ರಂದು ಹೇಳಿ, ಕೂಡಲೇ ಬಿಡಿ ಎಂದರು.

ನನ್ನಂಥದ್ದೇ ಕೆಲಸ ಮಾಡೋ ಹುಡುಗಿ. ಆಫೀಸಲ್ಲಿ ಅವಳ ತೀರ್ಮಾನ ನಂಬ್ತೀವಿ, ಮನೆಯಲ್ಲಿ ಯಾಕಿಲ್ಲ?

ಅಮ್ಮಂಗೆ ಅಂದೆ, "ಬೇಜಾರು ಮಾಡ್ಕೊಳ್ಳೋ ಹಕ್ಕು ಅವರಪ್ಪ-ಅಮ್ಮನಿಗೆ ಇದೆ. ಚಿಲಕ ಹಾಕೋ ಹಕ್ಕಿಲ್ಲ."

ಅಮ್ಮ ಏನೂ ಹೇಳಲಿಲ್ಲ. ಸಂಜೆ ಆ ಹುಡುಗಿಯ ನಂಬರ್ ಕೇಳಿದ್ಲು.